ಪೆಟ್ಟಿಗೆ ಮೇಲಿನ ಲೀಟರ್ ಲೆಕ್ಕ ನಂಬದೆ ನಾನು ಅಳೆಯುವುದು ಹೀಗೆ

ಚಾರಣಕ್ಕೆ ಹೊರಟಾಗ ತಂಡದ ಕುಡಿಯುವ ನೀರಿನ ಹೊಣೆ ನನ್ನದು. ಹೊಸ ಫಿಲ್ಟರ್ ಪೆಟ್ಟಿಗೆ ಮೇಲೆ ಸಾವಿರಾರು ಲೀಟರ್ ಸೋಸುತ್ತದೆ ಅಂತ ಬರೆದಿರುತ್ತದೆ. ಆ ಅಂಕಿ ತಿಳಿನೀರಿನದು. ಮಳೆ ಬಂದು ಕದಡಿದ ಹಳ್ಳದ್ದಲ್ಲ.

ಹಾಗಾಗಿ ಫಿಲ್ಟರ್ ಹೊಸದಿದ್ದಾಗಲೇ ಒಂದು ಲೀಟರ್ ತಿಳಿನೀರು ಇಳಿಯಲು ಎಷ್ಟು ಹೊತ್ತು ಬೇಕು ಅಂತ ಗಡಿಯಾರ ಹಿಡಿದು ನೋಡುತ್ತೇನೆ. ಅದನ್ನು ಫಿಲ್ಟರ್ ಮೇಲೇ ಬರೆದಿಡುತ್ತೇನೆ. ದಾರಿಯಲ್ಲಿ ಆಗಾಗ ಮತ್ತೆ ಅಳೆಯುತ್ತೇನೆ. ಹೊತ್ತು ಎರಡರಷ್ಟಾದರೆ ಹಿಮ್ಮುಖವಾಗಿ ಶುದ್ಧ ನೀರು ಹಾಯಿಸಿ ತೊಳೆಯುತ್ತೇನೆ. ತೊಳೆದರೂ ವೇಗ ಬಾರದಿದ್ದರೆ ಅದರ ಕಾಲ ಮುಗಿಯಿತು, ಪೆಟ್ಟಿಗೆ ಲೆಕ್ಕದಲ್ಲಿ ಎಷ್ಟೇ ಲೀಟರ್ ಬಾಕಿ ಇರಲಿ.

ಹೊರಡುವ ಮುಂಚೆ ಒಂದು ಲೆಕ್ಕ ಹಾಕಲೇಬೇಕು. ಆರು ಜನ, ಕುಡಿಯಲು ತಲಾ 3 ಲೀಟರ್, ಅಡುಗೆಗೆ ಇನ್ನು 6. ಒಟ್ಟು 24 ಲೀಟರ್. ಲೀಟರಿಗೆ 3 ನಿಮಿಷ ಹಿಡಿದರೆ 72 ನಿಮಿಷ. ನೀರು ಕೆಸರಾಗಿ ವೇಗ ಅರ್ಧಕ್ಕಿಳಿದರೆ ಎರಡೂವರೆ ಗಂಟೆ ಹತ್ತಿರ. ದಿನವಿಡೀ ನಡೆದು ಬಂದವರಿಗೆ ಅಷ್ಟು ಹೊತ್ತು ಕಾಯುವ ತಾಳ್ಮೆ ಇರುವುದಿಲ್ಲ, ಅಲ್ವಾ? ಅದಕ್ಕೇ ಕದಡಿದ ನೀರನ್ನು ಮೊದಲು ಪಾತ್ರೆಯಲ್ಲಿ ತಿಳಿಯಲು ಬಿಡುತ್ತೇನೆ. ಮೇಲಿನ ನೀರನ್ನಷ್ಟೇ ಬಟ್ಟೆಯಲ್ಲಿ ಸೋಸಿ ಆಮೇಲೆ ಫಿಲ್ಟರಿಗೆ ಹಾಕುತ್ತೇನೆ. ಫಿಲ್ಟರಿನ ಆಯಸ್ಸನ್ನು ಇದರಷ್ಟು ಜಾಸ್ತಿ ಮಾಡುವ ಬೇರೆ ಉಪಾಯ ನನಗೆ ಸಿಕ್ಕಿಲ್ಲ.

ಲೀಟರಿನ ಮಿತಿಗಿಂತ ದೊಡ್ಡ ಮಿತಿ ರಂಧ್ರದ್ದು. 0.1 ಮೈಕ್ರಾನ್, ಅಂದರೆ ಮಿಲಿಮೀಟರಿನ ಹತ್ತು ಸಾವಿರದಲ್ಲೊಂದು ಭಾಗದಷ್ಟು ರಂಧ್ರದ ಫಿಲ್ಟರ್ ಬ್ಯಾಕ್ಟೀರಿಯಾ ಹಿಡಿಯುತ್ತದೆ, ಭೇದಿ ತರುವ ಪರೋಪಜೀವಿಗಳಾದ ಜಿಯಾರ್ಡಿಯಾ, ಕ್ರಿಪ್ಟೋಸ್ಪೊರಿಡಿಯಂ ಹಿಡಿಯುತ್ತದೆ. ವೈರಸ್‌ಗಳಲ್ಲಿ ಹಲವು ಅದಕ್ಕಿಂತ ಚಿಕ್ಕವು. ಹಳ್ಳದ ಮೇಲ್ಭಾಗದಲ್ಲಿ ಜನವಸತಿ ಇದ್ದರೆ, ಸೋಸಿದ ನೀರಿಗೆ ಕ್ಲೋರಿನ್ ಮಾತ್ರೆ ಹಾಕಿ ಅರ್ಧ ಗಂಟೆ ಬಿಡುತ್ತೇನೆ. ನೀರು ತಣ್ಣಗಿದ್ದರೆ ಇನ್ನೂ ಹೆಚ್ಚು. ಬರೀ ಕ್ಲೋರಿನ್ ಸಾಲದು, ಕ್ರಿಪ್ಟೋಸ್ಪೊರಿಡಿಯಂ ಅದಕ್ಕೆ ಜಗ್ಗುವುದಿಲ್ಲ. ನೀರಿನಲ್ಲಿರುವ ಫ್ಲೋರೈಡ್, ಉಪ್ಪು ಫಿಲ್ಟರಿನಿಂದಲೂ ಕ್ಲೋರಿನ್‌ನಿಂದಲೂ ಹೋಗುವುದಿಲ್ಲ, ಕುದಿಸಿದರೂ ಹೋಗುವುದಿಲ್ಲ. ಅಂಥ ಕಡೆ ಬೇರೆ ನೀರು ಹುಡುಕುತ್ತೇನೆ.

ನಿಧಾನವಾದ ಫಿಲ್ಟರಿಗಿಂತ, ಇದ್ದಕ್ಕಿದ್ದಂತೆ ಜೋರಾಗಿ ಹರಿಯುವ ಫಿಲ್ಟರ್ ಕಂಡರೆ ನನಗೆ ಭಯ. ಒಳಗೆ ನೀರಿದ್ದು ಹೆಪ್ಪುಗಟ್ಟಿದರೆ ನೀರು ಸೋಸುವ ಕೊಳವೆಯಂಥ ನಾರುಗಳು ಬಿರುಕು ಬಿಡುತ್ತವೆ, ನೀರು ಸೋಸದೆಯೇ ಹರಿದುಬಿಡುತ್ತದೆ, ಹೊರಗಿನಿಂದ ಏನೂ ಕಾಣುವುದಿಲ್ಲ. ಚಳಿ ಜಾಸ್ತಿ ಇರುವಲ್ಲಿ ರಾತ್ರಿ ಅದನ್ನು ಮಲಗುವ ಚೀಲದೊಳಗೇ ಇಟ್ಟುಕೊಳ್ಳುತ್ತೇನೆ. ಹೆಪ್ಪುಗಟ್ಟಿರಬಹುದು ಅನ್ನಿಸಿದರೂ ಸಾಕು, ಮತ್ತೆ ಬಳಸುವುದಿಲ್ಲ. ಆಗ ನೀರನ್ನು ಒಂದು ನಿಮಿಷ ಚೆನ್ನಾಗಿ ಕುದಿಸುತ್ತೇನೆ, 2,000 ಮೀಟರಿಗಿಂತ ಎತ್ತರದಲ್ಲಿದ್ದರೆ ಮೂರು ನಿಮಿಷ.