ಮೇಜಿನ ಮೇಲಿನ ಅಂತರಿಕ್ಷ ಸಮರ: ಮೊದಲ ಸ್ಟಾರ್ಟರ್ ಸೆಟ್ ಆರಿಸುವುದು ಹೇಗೆ?

ಪುಟ್ಟ ಗೊಂಬೆಗಳನ್ನು ಜೋಡಿಸಿ, ಬಣ್ಣ ಬಳಿದು, ಅಳತೆಪಟ್ಟಿ ಹಿಡಿದು ಇಂಚುಗಳ ಲೆಕ್ಕದಲ್ಲಿ ಮುನ್ನಡೆಸಿ, ದಾಳ ಉರುಳಿಸಿ ಸೋಲು ಗೆಲುವು ತೀರ್ಮಾನಿಸುವ ಮಿನಿಯೇಚರ್ ಯುದ್ಧದಾಟಗಳಲ್ಲಿ ಸೈನ್ಸ್ ಫಿಕ್ಷನ್ ಲೋಕದವುಗಳಿಗೆ ಬಹಳ ದೊಡ್ಡ ಬಳಗವಿದೆ. ಹೊಸಬರನ್ನು ಮೊದಲು ಕಾಡುವುದು ಆಟದ ನಿಯಮಗಳಲ್ಲ, ಅಂಗಡಿಯ ಕಪಾಟು. ಒಂದೇ ಆಟಕ್ಕೆ ಹತ್ತಾರು ಬಣಗಳು, ಪ್ರತಿ ಬಣಕ್ಕೂ ಬೇರೆ ಬೇರೆ ಗಾತ್ರದ ಪೆಟ್ಟಿಗೆಗಳು, ಎಲ್ಲದರ ಮೇಲೂ ‘ಇಲ್ಲಿಂದಲೇ ಆರಂಭಿಸಿ’ ಎಂಬ ಧಾಟಿಯ ಬರಹ. ಹೆಚ್ಚಿನವರು ಗೊಂಬೆಗಳ ಸಂಖ್ಯೆಯನ್ನು ಬೆಲೆಯೊಂದಿಗೆ ತಾಳೆ ನೋಡಿ, ಅಗ್ಗವೆನಿಸಿದ್ದನ್ನು ಎತ್ತಿಕೊಳ್ಳುತ್ತಾರೆ. ಆ ಲೆಕ್ಕಕ್ಕಿಂತ ಉಪಯುಕ್ತವಾದ ಇನ್ನೊಂದು ಲೆಕ್ಕವಿದೆ: ಈ ಪೆಟ್ಟಿಗೆಯ ಎಷ್ಟು ಗೊಂಬೆಗಳು ವರ್ಷದ ನಂತರವೂ ನಿಮ್ಮ ಸೈನ್ಯದಲ್ಲಿ ಇರುತ್ತವೆ?

ಮೊದಲು ಆಟ, ಆಮೇಲೆ ಪೆಟ್ಟಿಗೆ

ಜೊತೆಗೆ ಆಡುವವರು ಯಾವ ಆಟ ಆಡುತ್ತಾರೆ ಎಂಬುದನ್ನು ಮೊದಲು ತಿಳಿದುಕೊಳ್ಳಬೇಕು. ಎದುರಾಳಿಯಿಲ್ಲದ ಸೈನ್ಯ ಎಷ್ಟೇ ಚೆನ್ನಾಗಿದ್ದರೂ ಗಾಜಿನ ಕಪಾಟಿನ ಅಲಂಕಾರವಾಗಿ ಉಳಿಯುತ್ತದೆ. ಅತಿ ಹೆಚ್ಚು ಆಟಗಾರರು ಸಿಗುವುದು ಬ್ರಿಟನ್ನಿನ ನಾಟಿಂಗ್‌ಹ್ಯಾಮ್‌ನಲ್ಲಿರುವ ಗೇಮ್ಸ್ ವರ್ಕ್‌ಶಾಪ್ ಕಂಪನಿಯ ‘ವಾರ್‌ಹ್ಯಾಮರ್ 40,000’ ಆಟಕ್ಕೆ. 1987ರಲ್ಲಿ ಮೊದಲ ಬಾರಿಗೆ ಬಂದ ಈ ಆಟವನ್ನೇ ಈ ಲೇಖನದಲ್ಲಿ ಮುಖ್ಯ ಉದಾಹರಣೆಯಾಗಿ ಇಟ್ಟುಕೊಳ್ಳಲಾಗಿದೆ.

ಬೇರೆ ದಾರಿಗಳೂ ಇವೆ. 1984ರಿಂದ ಚಾಲ್ತಿಯಲ್ಲಿರುವ ‘ಬ್ಯಾಟಲ್‌ಟೆಕ್’ ಆಟದ ಮುಖ್ಯ ಪೆಟ್ಟಿಗೆಯಲ್ಲಿ ಮೊದಲೇ ಜೋಡಿಸಿದ ಎಂಟು ಯಂತ್ರಯೋಧರು ಬರುತ್ತಾರೆ. ಅಂಟು, ಕತ್ತರಿಗಳ ಗೋಜಿಲ್ಲದೆ ಅದೇ ಸಂಜೆ ಆಟ ಶುರು ಮಾಡಬಹುದು. ಸ್ಪೇನ್‌ನ ಕೊರ್ವಸ್ ಬೆಲ್ಲಿ ಕಂಪನಿಯ ‘ಇನ್ಫಿನಿಟಿ’ಯಲ್ಲಿ ಒಂದು ಪಕ್ಷಕ್ಕೆ ಹತ್ತು ಹದಿನೈದು ಗೊಂಬೆ ಸಾಕಾಗುತ್ತದೆ, ಆದರೆ ಅವುಗಳಲ್ಲಿ ಹೆಚ್ಚಿನವು ಲೋಹದವು, ಹೊಸ ಕೈಗೆ ಜೋಡಿಸಲು ಕಷ್ಟ. ‘ಗ್ರಿಮ್‌ಡಾರ್ಕ್ ಫ್ಯೂಚರ್’ ಆಟದ ಮೂಲ ನಿಯಮಗಳು ಉಚಿತವಾಗಿ ಸಿಗುತ್ತವೆ, ಯಾವ ಕಂಪನಿಯ ಗೊಂಬೆಯನ್ನಾದರೂ ಬಳಸಲು ಅಡ್ಡಿಯಿಲ್ಲ. ಆಟ ಯಾವುದೇ ಇರಲಿ, ಮುಂದೆ ಹೇಳುವ ಲೆಕ್ಕಾಚಾರ ಬಹುಮಟ್ಟಿಗೆ ಅದೇ.

ಬಣದ ಸ್ವಭಾವ ಅರಿಯುವುದು

ನೋಟಕ್ಕೆ ಇಷ್ಟವಾದ ಬಣವನ್ನೇ ಆರಿಸಿಕೊಳ್ಳಿ ಎಂಬ ಸಲಹೆ ಎಲ್ಲೆಡೆ ಕೇಳಿಬರುತ್ತದೆ, ಅದು ಸರಿಯೂ ಹೌದು. ಈ ಹವ್ಯಾಸದಲ್ಲಿ ಆಡುವ ಹೊತ್ತಿಗಿಂತ ಬಣ್ಣ ಬಳಿಯುವ ಹೊತ್ತೇ ಹೆಚ್ಚು, ಆದ್ದರಿಂದ ಕಣ್ಣಿಗೆ ಹಿಡಿಸದ ಗೊಂಬೆಯನ್ನು ಗೆಲುವಿನ ಆಸೆಗಾಗಿ ಕೊಂಡವರು ಅರ್ಧ ದಾರಿಯಲ್ಲೇ ಕುಂಚ ಕೆಳಗಿಡುತ್ತಾರೆ. ಆದರೆ ಆ ಸಲಹೆ ಒಂದು ಮಾತನ್ನು ಬಿಟ್ಟುಬಿಡುತ್ತದೆ. ಬಣಗಳ ನಡುವೆ ನೋಟದ ವ್ಯತ್ಯಾಸದಷ್ಟೇ ದೊಡ್ಡದಾಗಿ ಸಂಖ್ಯೆಯ ವ್ಯತ್ಯಾಸವೂ ಇದೆ.

ಆಟದ ಒಂದು ಗಳಿಗೆಯನ್ನು ಹತ್ತಿರದಿಂದ ನೋಡಿದರೆ ಇದು ಸ್ಪಷ್ಟವಾಗುತ್ತದೆ. ವಾರ್‌ಹ್ಯಾಮರ್‌ನ 2023ರ ಹತ್ತನೇ ಆವೃತ್ತಿಯ ನಿಯಮಗಳಂತೆ, ಅನ್ಯಗ್ರಹ ಜೀವಿಗಳಾದ ಟಿರನಿಡ್ ಬಣದ ಹತ್ತು ಟರ್ಮಗಾಂಟ್‌ಗಳು (ಹಿಂಡಾಗಿ ಬರುವ ಚಿಕ್ಕ ಜೀವಿಗಳು) ತಮ್ಮ ಸಾಧಾರಣ ಆಯುಧದಿಂದ ಕವಚ ತೊಟ್ಟ ಯೋಧರಾದ ಸ್ಪೇಸ್ ಮರೀನ್ ತುಕಡಿಯೊಂದರ ಮೇಲೆ ಗುಂಡು ಹಾರಿಸುತ್ತವೆ ಎಂದುಕೊಳ್ಳಿ. ಒಂದಕ್ಕೊಂದರಂತೆ ಹತ್ತು ದಾಳ. 4 ಅಥವಾ ಅದಕ್ಕಿಂತ ಹೆಚ್ಚು ಬಿದ್ದರೆ ಗುರಿ ತಾಗಿದಂತೆ, ಸರಾಸರಿ ಐದು ತಾಗುತ್ತವೆ. ಆಯುಧದ ಬಲ 5, ಮರೀನ್‌ನ ದೇಹಬಲ 4, ಹಾಗಾಗಿ 3 ಅಥವಾ ಹೆಚ್ಚು ಬಿದ್ದರೆ ಗಾಯ. ಐದರಲ್ಲಿ ಮೂರು ಉಳಿಯುತ್ತವೆ. ಈಗ ಮರೀನ್ ಆಟಗಾರ ಕವಚಕ್ಕಾಗಿ ದಾಳ ಉರುಳಿಸುತ್ತಾನೆ, 3 ಅಥವಾ ಹೆಚ್ಚು ಬಿದ್ದದ್ದೆಲ್ಲ ಪಾರು. ಕೊನೆಗೆ ಒಳಹೊಕ್ಕುವುದು ಒಂದೇ ಒಂದು ಪೆಟ್ಟು, ಆ ಮರೀನ್‌ಗೋ ಎರಡು ಪೆಟ್ಟು ತಾಳುವ ಶಕ್ತಿಯಿದೆ. ಹತ್ತು ಗೊಂಬೆಗಳ ಶ್ರಮಕ್ಕೆ ಸಾಮಾನ್ಯವಾಗಿ ಒಬ್ಬ ಮರೀನ್ ಕೂಡ ಬೀಳುವುದಿಲ್ಲ. ಟಿರನಿಡ್ ಆಟಗಾರ ಇದನ್ನು ಸರಿದೂಗಿಸುವುದು ಇನ್ನಷ್ಟು ಗೊಂಬೆಗಳನ್ನು ಇಳಿಸಿ, ಮೈದಾನದ ಆಯಕಟ್ಟಿನ ಜಾಗಗಳನ್ನು ಗುಂಪಿನಿಂದ ತುಂಬಿಸಿ.

ಇದರ ಪರಿಣಾಮ ನೇರವಾಗಿ ನಿಮ್ಮ ಬಣ್ಣದ ಮೇಜಿಗೆ ಬಂದು ಬೀಳುತ್ತದೆ. ಓರ್ಕ್, ಆಸ್ಟ್ರಾ ಮಿಲಿಟಾರಮ್, ಟಿರನಿಡ್‌ನಂತಹ ಬಣಗಳಲ್ಲಿ ಪೂರ್ಣ ಪ್ರಮಾಣದ ಸೈನ್ಯವೆಂದರೆ ನೂರರ ಆಸುಪಾಸಿನ ಗೊಂಬೆಗಳಾಗುವುದು ಅಪರೂಪವಲ್ಲ. ಅಡೆಪ್ಟಸ್ ಕಸ್ಟೋಡೀಸ್ ಬಣದಲ್ಲಿ ಅದರ ಒಂದು ಸಣ್ಣ ಪಾಲು ಸಾಕು, ಇಂಪೀರಿಯಲ್ ನೈಟ್ಸ್ ಬಣದಲ್ಲಂತೂ ಬೆರಳೆಣಿಕೆಯ ದೈತ್ಯ ಯಂತ್ರಗಳೇ ಇಡೀ ಸೈನ್ಯ. ಬಿಡುವು ಕಡಿಮೆ ಇರುವವರಿಗೆ ಸ್ಪೇಸ್ ಮರೀನ್ ಅಥವಾ ನೆಕ್ರಾನ್‌ನಂತಹ ನಡುಗಾತ್ರದ ಬಣ ಒಳ್ಳೆಯದೆಂಬುದು ನನ್ನ ಅಭಿಪ್ರಾಯ. ನೆಕ್ರಾನ್‌ಗಳ ಲೋಹದ ಅಸ್ಥಿಪಂಜರಕ್ಕೆ ಬೆಳ್ಳಿಯ ಬಣ್ಣ ಸಿಂಪಡಿಸಿ, ಕಪ್ಪು ವಾಶ್ (ಸಂದುಗಳಿಗೆ ಇಳಿಯುವ ನೀರಾದ ಬಣ್ಣ) ಹರಿಯಬಿಟ್ಟರೆ ಅರ್ಧ ಕೆಲಸ ಮುಗಿದಂತೆ. ಹೊಸಬರಿಗೆ ಇಷ್ಟು ಸುಲಭವಾಗಿ ಒಲಿಯುವ ಬಣಗಳು ಕಡಿಮೆ.

ಪೆಟ್ಟಿಗೆಗಳಲ್ಲಿ ಎರಡು ಜಾತಿ

‘ಸ್ಟಾರ್ಟರ್’ ಎಂದು ಜನ ಕರೆಯುವ ಪೆಟ್ಟಿಗೆಗಳಲ್ಲಿ ಎರಡು ಬೇರೆ ಬೇರೆ ಬಗೆಗಳಿವೆ, ಗೊಂದಲವೆಲ್ಲ ಹುಟ್ಟುವುದು ಇವೆರಡನ್ನು ಒಂದೇ ಎಂದು ತಿಳಿಯುವುದರಿಂದ.

ಮೊದಲನೆಯದು ಇಬ್ಬರು ಆಡುವ ಪೆಟ್ಟಿಗೆ. ಇದರಲ್ಲಿ ಎರಡು ಬಣಗಳ ಗೊಂಬೆಗಳು, ದಾಳಗಳು, ಅಳತೆಪಟ್ಟಿ, ಆಟ ಕಲಿಸುವ ಪುಸ್ತಕ ಇರುತ್ತವೆ. 2017ರ ಎಂಟನೇ ಆವೃತ್ತಿಯಲ್ಲಿ ಸ್ಪೇಸ್ ಮರೀನ್‌ಗಳಿಗೆ ಎದುರಾಗಿ ಡೆತ್ ಗಾರ್ಡ್, 2020ರ ಒಂಬತ್ತನೆಯದರಲ್ಲಿ ನೆಕ್ರಾನ್, 2023ರ ಹತ್ತನೆಯದರಲ್ಲಿ ಟಿರನಿಡ್ ಇದ್ದವು. ಒಂದು ಪಕ್ಷ ಸದಾ ಸ್ಪೇಸ್ ಮರೀನ್ ಆಗಿರುವುದರಿಂದ ಆ ಬಣಕ್ಕೆ ಅಗ್ಗದ ಗೊಂಬೆಗಳ ಕೊರತೆ ಎಂದೂ ಬಂದಿಲ್ಲ. ಹತ್ತನೇ ಆವೃತ್ತಿಯಲ್ಲಿ ಈ ಪೆಟ್ಟಿಗೆ ಮೂರು ಗಾತ್ರಗಳಲ್ಲಿ ಬಂತು. ಅತಿ ಚಿಕ್ಕದರಲ್ಲಿ 16 ಗೊಂಬೆಗಳ ಜೊತೆಗೆ ಕೆಲವು ಬಣ್ಣ, ಒಂದು ಕುಂಚ, ಒಂದು ಕಟ್ಟರ್ ಕೂಡ ಇವೆ. ಅತಿ ದೊಡ್ಡದರಲ್ಲಿ ಯುದ್ಧಭೂಮಿಯ ಕಟ್ಟಡದ ತುಣುಕುಗಳೂ ಸೇರಿವೆ.

ಎರಡನೆಯದು ಒಂದೇ ಬಣದ ಪೆಟ್ಟಿಗೆ. ವಾರ್‌ಹ್ಯಾಮರ್‌ನಲ್ಲಿ ಇದನ್ನು ‘ಕಾಂಬ್ಯಾಟ್ ಪಟ್ರೋಲ್’ ಎನ್ನುತ್ತಾರೆ. ಬಿಡಿಯಾಗಿ ಕೊಳ್ಳುವುದಕ್ಕಿಂತ ಇದು ಅಗ್ಗ. ಹತ್ತನೇ ಆವೃತ್ತಿಯಲ್ಲಿ ಪೆಟ್ಟಿಗೆಯೊಳಗಿನ ಗೊಂಬೆಗಳಿಂದಷ್ಟೇ ಆಡುವ ಅದೇ ಹೆಸರಿನ ಚಿಕ್ಕ ಆಟವೂ ಉಂಟು, ಅದಕ್ಕೆ 44 x 30 ಇಂಚಿನ ಜಾಗ ಸಾಕು. ದಾಳ, ನಿಯಮ ಪುಸ್ತಕ ಇದರಲ್ಲಿ ಇರುವುದಿಲ್ಲ.

ಆಯ್ಕೆ ಹೀಗಿರಲಿ. ಜೊತೆಗೆ ಕಲಿಯಲು ಒಬ್ಬ ಗೆಳೆಯನೋ ಮನೆಯವರೋ ಇದ್ದು, ಅವರಿಗೆ ಎದುರು ಬಣ ಇಷ್ಟವಾದರೆ ಇಬ್ಬರ ಪೆಟ್ಟಿಗೆಯನ್ನು ಪಾಲು ಹಾಕಿಕೊಂಡು ಕೊಳ್ಳುವುದಕ್ಕಿಂತ ಲಾಭದ ವ್ಯವಹಾರ ಇನ್ನೊಂದಿಲ್ಲ. ಆಗಲೇ ಆಡುವ ಬಳಗವಿದ್ದು, ನಿಮ್ಮ ಬಣ ಆ ಪೆಟ್ಟಿಗೆಯಲ್ಲಿ ಇಲ್ಲದಿದ್ದರೆ ನೇರವಾಗಿ ಕಾಂಬ್ಯಾಟ್ ಪಟ್ರೋಲ್‌ಗೆ ಹೋಗಿ. ಅರ್ಧ ಪೆಟ್ಟಿಗೆಯನ್ನು ಮಾರಿಬಿಡುತ್ತೇನೆ ಎಂಬ ಧೈರ್ಯದಲ್ಲಿ ಇಬ್ಬರ ಪೆಟ್ಟಿಗೆ ಕೊಳ್ಳುವವರಿದ್ದಾರೆ; ಕೊಳ್ಳುವವರು ಮೊದಲೇ ಗೊತ್ತಿದ್ದರೆ ಮಾತ್ರ ಅದು ನಡೆಯುತ್ತದೆ, ಇಲ್ಲವಾದರೆ ಆ ಅರ್ಧ ಮಂಚದ ಕೆಳಗೆ ಸೇರುತ್ತದೆ.

ಹಿಂಬದಿಯ ಪಟ್ಟಿ ಓದುವ ಬಗೆ

ಪೆಟ್ಟಿಗೆಯ ಹಿಂಬದಿಯಲ್ಲಿ ಒಳಗೇನಿದೆ ಎಂಬ ಪಟ್ಟಿ ಇರುತ್ತದೆ. ಹಣ ಕೊಡುವ ಮುನ್ನ ಅದನ್ನು ಸಾವಕಾಶವಾಗಿ ಓದಬೇಕು. ಕಂಪನಿ ಉಚಿತವಾಗಿ ಪ್ರಕಟಿಸುವ ಪಾಯಿಂಟ್ ಪಟ್ಟಿಯನ್ನು ಪಕ್ಕದಲ್ಲಿ ಇಟ್ಟುಕೊಂಡರೆ ಇನ್ನೂ ಉತ್ತಮ. ಪ್ರತಿ ತುಕಡಿಗೂ ಇಷ್ಟು ಪಾಯಿಂಟ್ ಎಂದು ಅದರಲ್ಲಿರುತ್ತದೆ, ಮತ್ತು ಸಾಮಾನ್ಯ ಸ್ಪರ್ಧೆಗಳು ನಡೆಯುವುದು 2,000 ಪಾಯಿಂಟ್‌ಗಳ ಸೈನ್ಯದಿಂದ.

ಮೊದಲು ನಾಯಕನನ್ನು ಹುಡುಕಿ. ಸೈನ್ಯದಲ್ಲಿ ನಾಯಕ ಪಾತ್ರ ಒಂದಾದರೂ ಇರಲೇಬೇಕೆಂಬುದು ನಿಯಮ. ಮೇಲೆ ಹೇಳಿದ ಅತಿ ಚಿಕ್ಕ ಪೆಟ್ಟಿಗೆ ಬಣ್ಣ ಹಚ್ಚುವುದನ್ನು ಕಲಿಯಲು ಅತ್ಯುತ್ತಮ, ಆದರೆ ಅದರಲ್ಲಿ ನಾಯಕನಿಲ್ಲ, ಆದ್ದರಿಂದ ಅದೊಂದೇ ಸೈನ್ಯವಾಗದು. ನಾಯಕ ಇದ್ದರೆ, ಆತ ಪೆಟ್ಟಿಗೆಯ ಯಾವ ತುಕಡಿಯ ಜೊತೆ ಸೇರಬಲ್ಲ ಎಂದು ನೋಡಿ. ಹತ್ತನೇ ಆವೃತ್ತಿಯಲ್ಲಿ ಪ್ರತಿ ನಾಯಕನೂ ಗೊತ್ತುಪಡಿಸಿದ ತುಕಡಿಗಳನ್ನು ಮಾತ್ರ ಮುನ್ನಡೆಸಬಹುದು. ಟರ್ಮಿನೇಟರ್ ಕವಚ ತೊಟ್ಟ ಕ್ಯಾಪ್ಟನ್ ಟರ್ಮಿನೇಟರ್‌ಗಳ ಜೊತೆ ಸೇರುತ್ತಾನೆಯೇ ಹೊರತು ಬೆಂಕಿಯುಗುಳುವ ಇನ್ಫರ್ನಸ್ ತುಕಡಿಯ ಜೊತೆಗಲ್ಲ. ಜೊತೆಗಾರರಿಲ್ಲದ ನಾಯಕ ಮೈದಾನದಲ್ಲಿ ಬೇಗ ಸಾಯುತ್ತಾನೆ.

ಆಮೇಲೆ ತುಕಡಿಯ ಗಾತ್ರ. ತುಕಡಿಗಳನ್ನು ಐದು, ಹತ್ತು, ಇಪ್ಪತ್ತು ಎಂಬಂತೆ ಗೊತ್ತಾದ ಸಂಖ್ಯೆಯಲ್ಲೇ ಸೈನ್ಯಕ್ಕೆ ಸೇರಿಸಬೇಕಾಗುವುದರಿಂದ ಪೆಟ್ಟಿಗೆಯಲ್ಲಿನ ಸಂಖ್ಯೆ ಅದಕ್ಕೆ ಹೊಂದುತ್ತದೆಯೇ ಎಂದು ತಾಳೆ ನೋಡಿಕೊಳ್ಳಿ.

ಮೂರನೆಯದು ಹೊಸಬರು ಗಮನಿಸದೇ ಬಿಡುವ ವಿಷಯ. ಇಬ್ಬರ ಪೆಟ್ಟಿಗೆಯ ಗೊಂಬೆಗಳು ಸಾಮಾನ್ಯವಾಗಿ ಅಂಟಿಲ್ಲದೆ ಒತ್ತಿ ಕೂರಿಸುವಂಥವು. ಜೋಡಿಸಲು ಬಲು ಸುಲಭ, ಆದರೆ ನಿಲುವು, ಆಯುಧ ಎರಡೂ ಬದಲಾಗುವುದಿಲ್ಲ. ಬಿಡಿ ಕಿಟ್‌ಗಳಲ್ಲಿ ತೋಳು, ತಲೆ, ಆಯುಧಗಳನ್ನು ಬೇಕಾದಂತೆ ಆರಿಸಿಕೊಳ್ಳಬಹುದು. ಹತ್ತನೇ ಆವೃತ್ತಿಯಲ್ಲಿ ಹೆಚ್ಚಿನ ಆಯುಧಗಳಿಗೆ ಪ್ರತ್ಯೇಕ ಪಾಯಿಂಟ್ ಇಲ್ಲವಾದ್ದರಿಂದ, ಒಳ್ಳೆಯ ಆಯುಧ ಹಿಡಿಯಬಲ್ಲ ಗೊಂಬೆ ಅದೇ ಬೆಲೆಗೆ ಹೆಚ್ಚು ಕೆಲಸ ಮಾಡುತ್ತದೆ. ಇದೇ ಕಾರಣಕ್ಕೆ ಒಂದೇ ಸ್ಟಾರ್ಟರ್ ಸೆಟ್ ಅನ್ನು ಎರಡು ಸಲ ಕೊಳ್ಳುವುದನ್ನು ನಾನು ಬೇಡವೆನ್ನುತ್ತೇನೆ. ಸೈನ್ಯದ ಸಾಲಿನಲ್ಲಿ ಅದೇ ಮುಖ, ಅದೇ ಎತ್ತಿದ ಕೈ ಎರಡೆರಡು ಬಾರಿ ಕಾಣುತ್ತದೆ. ಟರ್ಮಗಾಂಟ್‌ನಂತಹ ಹಿಂಡಿನ ಜೀವಿಗಳಿಗೆ ಮಾತ್ರ ಇದು ಅನ್ವಯಿಸದು, ಇಪ್ಪತ್ತರ ಗುಂಪಿನಲ್ಲಿ ಯಾರೂ ಮುಖ ನೋಡುವುದಿಲ್ಲ.

ದೊಡ್ಡ ಟ್ಯಾಂಕನ್ನೋ ದೈತ್ಯ ಯಂತ್ರವನ್ನೋ ಮೊದಲ ದಿನವೇ ಕೊಳ್ಳುವ ಆಸೆ ಎಲ್ಲರಿಗೂ ಬರುತ್ತದೆ. ಸಣ್ಣ ಆಟದಲ್ಲಿ ಅದು ಮೂಗಿಗಿಂತ ಮೂಗುತಿ ಭಾರ ಎಂಬಂತಾಗುತ್ತದೆ: ಪಾಯಿಂಟ್‌ಗಳ ದೊಡ್ಡ ಪಾಲನ್ನು ಅದೊಂದೇ ನುಂಗಿ, ಜಾಗ ಹಿಡಿದು ನಿಲ್ಲಲು ಕಾಲಾಳುಗಳೇ ಇಲ್ಲದಂತಾಗುತ್ತದೆ.

ಆವೃತ್ತಿ ಬದಲಾಗುವ ಹೊತ್ತು

2017, 2020, 2023ರ ಇಸವಿಗಳನ್ನು ಸಾಲಾಗಿ ನೋಡಿದರೆ ಮೂರು ವರ್ಷಕ್ಕೊಮ್ಮೆ ನಿಯಮಗಳು ಹೊಸದಾಗುವ ಕ್ರಮ ಕಾಣುತ್ತದೆ. ಪೆಟ್ಟಿಗೆಯ ಮೇಲಿನ ಆವೃತ್ತಿಯನ್ನು ವಿಚಾರಿಸಿಯೇ ಕೊಳ್ಳಬೇಕು. ಹಳೆಯ ಆವೃತ್ತಿಯ ಪುಸ್ತಕ ಕೆಲಸಕ್ಕೆ ಬಾರದು, ಗೊಂಬೆಗಳು ಮಾತ್ರ ಸಾಮಾನ್ಯವಾಗಿ ಬಳಕೆಯಲ್ಲಿ ಮುಂದುವರಿಯುತ್ತವೆ. ಹೀಗಾಗಿ ಹಿಂದಿನ ಆವೃತ್ತಿಯ ಪೆಟ್ಟಿಗೆ ತೀರಾ ಕಡಿಮೆ ಬೆಲೆಗೆ ಸಿಕ್ಕರೆ ಅದು ಕೆಟ್ಟ ವ್ಯಾಪಾರವಲ್ಲ. ಆವೃತ್ತಿಯ ಆರಂಭದಲ್ಲಿ ಬರುವ ಭಾರೀ ಪೆಟ್ಟಿಗೆಗಳು, ಉದಾಹರಣೆಗೆ 72 ಗೊಂಬೆಗಳಿದ್ದ 2023ರ ‘ಲೆವಿಯಾಥನ್’, ಸೀಮಿತ ಸಂಖ್ಯೆಯಲ್ಲಿ ಬರುತ್ತವೆ; ಅವುಗಳನ್ನು ಬಿಡಿಸಿ ಅರ್ಧರ್ಧ ಮಾರುವವರ ಬಳಿ ನಿಮ್ಮ ಬಣದ ಪಾಲು ಸಿಗಬಹುದು. ಬಳಸಿದ ಗೊಂಬೆ ಕೊಳ್ಳುವಾಗ ಬೇಸ್‌ನ (ಗೊಂಬೆ ನಿಲ್ಲುವ ಅಡಿತಟ್ಟೆಯ) ಅಳತೆ ಕೇಳಿ. ಸ್ಪೇಸ್ ಮರೀನ್‌ಗೆ ಈಗ ಇರಬೇಕಾದದ್ದು 32 ಮಿ.ಮೀ., ತೀರಾ ಹಳೆಯವು 25 ಮಿ.ಮೀ. ಬೇಸ್ ಮೇಲೆ ನಿಂತಿರುತ್ತವೆ.

ಪೆಟ್ಟಿಗೆಯಲ್ಲಿ ಇಲ್ಲದವು

ಬಜೆಟ್‌ನ ಒಂದು ಪಾಲನ್ನು ಸಲಕರಣೆಗೆ ತೆಗೆದಿಡಬೇಕು. ಪ್ಲಾಸ್ಟಿಕ್ ಚೌಕಟ್ಟಿನಿಂದ ಗೊಂಬೆಯ ತುಂಡುಗಳನ್ನು ಬಿಡಿಸಲು ಚಪ್ಪಟೆ ಬಾಯಿಯ ಕಟ್ಟರ್, ಉಳಿದ ಗಂಟು ಕೆರೆಯಲು ಚಾಕು, ಬಣ್ಣ ಹಿಡಿಯಲೆಂದು ಮೊದಲು ಬಳಿಯುವ ಪ್ರೈಮರ್, ಎರಡು ಕುಂಚ, ಐದಾರು ಬಣ್ಣ ಇದ್ದರೆ ಆರಂಭಕ್ಕೆ ಸಾಕು. ಅಂಟಿನಲ್ಲಿ ಎಚ್ಚರವಿರಲಿ: ಪ್ಲಾಸ್ಟಿಕ್ ಅಂಟು ಎರಡು ಮೇಲ್ಮೈಗಳನ್ನು ಕರಗಿಸಿ ಬೆಸೆಯುತ್ತದೆ, ಆದರೆ ಲೋಹ ಮತ್ತು ರೆಸಿನ್ ಗೊಂಬೆಗಳಿಗೆ ಅದು ಹಿಡಿಯುವುದಿಲ್ಲ, ಅವಕ್ಕೆ ಸೂಪರ್ ಗ್ಲೂ ಬೇಕು.

ಎಲ್ಲವನ್ನೂ ಒಂದೇ ದಿನ ಚೌಕಟ್ಟಿನಿಂದ ಕತ್ತರಿಸಿ ಗುಡ್ಡೆ ಹಾಕಬೇಡಿ; ಯಾವ ತೋಳು ಯಾರದ್ದು ಎಂದು ಹುಡುಕುವುದರಲ್ಲೇ ಉತ್ಸಾಹ ಇಳಿದುಹೋಗುತ್ತದೆ. ಒಂದು ತುಕಡಿ ಜೋಡಿಸಿ, ಬಣ್ಣ ಮುಗಿಸಿ, ಅದರೊಂದಿಗೆ ಚಿಕ್ಕ ಆಟವಾಡಿದ ಮೇಲೆ ಮುಂದಿನದನ್ನು ಕೈಗೆತ್ತಿಕೊಳ್ಳಿ.

ಮೊದಲ ಪೆಟ್ಟಿಗೆಯಿಂದ ನಾಲ್ಕಾರು ಆಟ ಆಡಿದ ನಂತರ ಎರಡನೆಯದರ ಯೋಚನೆ ಮಾಡಬಹುದು, ಆಗ ಕೊರತೆ ಎಲ್ಲಿದೆಯೆಂದು ಆಟವೇ ತೋರಿಸಿರುತ್ತದೆ. ಎದುರಾಳಿಯ ಟ್ಯಾಂಕ್ ಕದಲದಿದ್ದರೆ ಅದನ್ನು ಭೇದಿಸುವ ಆಯುಧದ ತುಕಡಿ, ಆಯಕಟ್ಟಿನ ಜಾಗ ಕೈತಪ್ಪುತ್ತಿದ್ದರೆ ಇನ್ನೊಂದು ಕಾಲಾಳು ಕಿಟ್, ಹೊಡೆತ ತಿನ್ನದೆ ಮುಂದೆ ತಲುಪಲಾಗದಿದ್ದರೆ ಒಂದು ಸಾಗಣೆ ವಾಹನ. ಈ ಸುತ್ತಿನಲ್ಲಿ ಇನ್ನೊಂದು ಸ್ಟಾರ್ಟರ್ ಸೆಟ್‌ಗಿಂತ ಬಿಡಿ ಕಿಟ್ ಕೊಳ್ಳುವುದೇ ಮೇಲು.