ಡ್ರಾಪ್ ಡಿ: ಕಿಮ್ ತಾಯಿಲ್ ದನಿ ಹಿಡಿಯುವ ಬಗೆ

ಕೇರಳ ಮೂಲದ ಅಪ್ಪ-ಅಮ್ಮನ ಮಗ ಕಿಮ್ ತಾಯಿಲ್. ಹುಟ್ಟಿದ್ದು 1960ರಲ್ಲಿ, ಸಿಯಾಟಲ್‌ನಲ್ಲಿ. 1984ರಲ್ಲಿ ಅಲ್ಲೇ ಗೆಳೆಯರ ಜೊತೆ ಸೌಂಡ್‌ಗಾರ್ಡನ್ ಬ್ಯಾಂಡ್ ಕಟ್ಟಿದರು. ಅವರ ಗಿಟಾರಿನ ಆ ಭಾರವಾದ ದನಿಗೆ ಒಂದು ಕಾರಣ ಡ್ರಾಪ್ ಡಿ ಶ್ರುತಿ, ಅಂದರೆ ದಪ್ಪ ತಂತಿಯನ್ನು ಡಿ ಸ್ವರಕ್ಕೆ ಇಳಿಸುವುದು. ಅದನ್ನು ಅವರಿಗೆ ತೋರಿಸಿಕೊಟ್ಟವರು ಮೆಲ್ವಿನ್ಸ್ ಬ್ಯಾಂಡಿನ ಬಝ್ ಆಸ್ಬರ್ನ್. ವಿಜಯಪುರದ ನನ್ನ ಕೋಣೆಯಲ್ಲಿ ನಾನು ಅದನ್ನು ಕಲಿತದ್ದು ಬರೀ ಕಿವಿಯಿಂದ.

ಎಲ್ಲಕ್ಕಿಂತ ದಪ್ಪ ತಂತಿ, ಅಂದರೆ ಆರನೆಯದು, ಇ ಸ್ವರದಲ್ಲಿರುತ್ತದೆ. ಅದನ್ನು ಡಿಗೆ ಇಳಿಸಬೇಕು. ನಾಲ್ಕನೇ ತಂತಿ ಮೊದಲೇ ಡಿ ಅಲ್ವಾ? ಎರಡನ್ನೂ ಒಟ್ಟಿಗೆ ಮೀಟಿ, ಆರನೆಯದರ ಬಿರಡೆ ನಿಧಾನ ಸಡಿಲಿಸಿ. ಮೊದಲು ದನಿ ಅಲೆಅಲೆಯಾಗಿ ನಡುಗುತ್ತದೆ. ಹತ್ತಿರ ಬಂದಂತೆ ಅಲೆ ನಿಧಾನವಾಗಿ, ಕೊನೆಗೆ ನಿಂತೇ ಹೋಗುತ್ತದೆ. ಆ ಗಳಿಗೆ ನನಗೆ ಈಗಲೂ ಮೈ ಜುಮ್ಮೆನ್ನುತ್ತದೆ. ಸ್ವಲ್ಪ ಜಾಸ್ತಿ ಇಳಿಸಿ ಮತ್ತೆ ಮೇಲಕ್ಕೆ ತನ್ನಿ, ಆಗ ಶ್ರುತಿ ಚೆನ್ನಾಗಿ ನಿಲ್ಲುತ್ತದೆ. ನಮ್ಮೂರ ಏಪ್ರಿಲ್ ಬಿಸಿಲಿಗೆ ತಂತಿ ಇನ್ನೂ ಸಡಿಲಾಗುತ್ತದೆ, ಆಗಾಗ ನೋಡಿಕೊಳ್ಳಿ.

ಈಗ ದಪ್ಪನೆಯ ಮೂರು ತಂತಿಗಳ ಮೇಲೆ ಒಂದೇ ಬೆರಳು ಅಡ್ಡ ಇಡಿ. ಪವರ್ ಕಾರ್ಡ್, ಅಂದರೆ ರಾಕ್ ಸಂಗೀತದ ಆ ಭಾರವಾದ ಸ್ವರಗುಚ್ಛ, ಸಿದ್ಧ. ಬೆರಳನ್ನು ಹಾಗೇ ಜಾರಿಸುತ್ತಾ ಹೋಗಿ. ದಪ್ಪ ತಂತಿ ಫ್ರೆಟ್‌ಗೆ, ಅಂದರೆ ಗಿಟಾರಿನ ಕತ್ತಿನ ಮೇಲಿನ ಲೋಹದ ಪಟ್ಟಿಗೆ, ಬಡಿದರೆ 46ರ ಬದಲು 52ರ ತಂತಿ ಹಾಕಿ (ಇದು ಇಂಚಿನ ಸಾವಿರದ ಭಾಗದಲ್ಲಿ ತಂತಿಯ ದಪ್ಪ).