ಹೆಪ್ಪಿಗೆ ಒಂದು ಸ್ವರ

ಹಾಡಿದರೆ ಹರಳು ಬೆಳೆಯುವ ಊರೊಂದನ್ನು ಕಥೆಗಾಗಿ ಕಟ್ಟಲು ಹೊರಟಾಗ ನನ್ನ ಬಳಿ ಇದ್ದದ್ದು ಒಂದೇ ಚಿತ್ರ. ಕತ್ತಲ ಗುಹೆ, ಒಳಗೆ ಹತ್ತು ಮಂದಿ ಗಾಯಕರು, ಅವರು ದನಿ ಏರಿಸಿದಂತೆಲ್ಲ ನೆಲದಿಂದ ಮೇಲೇಳುವ ಸ್ಫಟಿಕದ ಕಂಬಗಳು. ಕಣ್ಣಿಗೇನೋ ಚೆನ್ನಾಗಿತ್ತು. ಆದರೆ ಮೂರು ಅಧ್ಯಾಯ ಬರೆಯುವಷ್ಟರಲ್ಲಿ ಕಥೆ ಸೊರಗಿಹೋಯಿತು. ಬಾಯಿ ತೆರೆದರೆ ಸಾಕು, ಬೇಕಾದದ್ದು ಬೆಳೆಯುತ್ತದೆ ಎಂದಾದ ಮೇಲೆ ಆ ಊರಿನವರಿಗೆ ಕಷ್ಟವೇ ಇರಲಿಲ್ಲ. ಕಷ್ಟವಿಲ್ಲದವರ ಕಥೆ ಯಾರಿಗೆ ಬೇಕು?

ಹರಳು ನಿಜಕ್ಕೂ ಹೇಗೆ ಬೆಳೆಯುತ್ತದೆಂದು ನೋಡಿಯೇಬಿಡೋಣ ಎಂದು ಗ್ರಂದಿಗೆ ಅಂಗಡಿಯಿಂದ ಅರ್ಧ ಕಿಲೋ ಪಟಿಕ ತಂದೆ. ಕ್ಷೌರದಂಗಡಿಯಲ್ಲಿ ಗಡ್ಡ ಹೆರೆದ ಮೇಲೆ ಉಜ್ಜುತ್ತಾರಲ್ಲ, ಅದೇ. ಬಿಸಿನೀರಿನಲ್ಲಿ ಇನ್ನು ಕರಗದು ಎನ್ನುವವರೆಗೆ ಕರಗಿಸಿ, ಬಟ್ಟೆಯಲ್ಲಿ ಸೋಸಿ, ಸ್ವಲ್ಪವನ್ನು ತಟ್ಟೆಯಲ್ಲಿ ಬಿಟ್ಟೆ. ಬೆಳಗಾಗುವಷ್ಟರಲ್ಲಿ ತಳದಲ್ಲಿ ಸಾಬಕ್ಕಿಯಷ್ಟು ಕಾಳುಗಳು. ಅವುಗಳಲ್ಲಿ ಮೂಲೆ ಮುಕ್ಕಾಗದ ಒಂದನ್ನು ಆರಿಸಿ, ನೈಲಾನ್ ಎಳೆಗೆ ಕಟ್ಟಿ, ಉಪ್ಪಿನಕಾಯಿ ಬಾಟಲಿಯಲ್ಲಿದ್ದ ದ್ರಾವಣಕ್ಕೆ ಇಳಿಸಿದೆ. ಕಣ್ಣೆದುರಿಗೇ ಅದು ತೆಳ್ಳಗಾಗಿ ಮಾಯವಾಯಿತು. ಗಂಟು ಮಾತ್ರ ತೂಗಾಡುತ್ತಿತ್ತು. ದ್ರಾವಣ ಇನ್ನೂ ಬೆಚ್ಚಗಿತ್ತು. ಪೂರ್ತಿ ಆರಿದ ಮೇಲೆಯೇ ಕಾಳನ್ನು ಇಳಿಸಬೇಕು. ಗಂಟು ಹಾಕುವುದಕ್ಕೇ ಅರ್ಧ ತಾಸು ಹಿಡಿದಿದ್ದರಿಂದ ಈ ಪಾಠ ಮರೆಯುವಂತಿಲ್ಲ.

ಎರಡನೆಯ ಸಲ ಎರಡು ಬಾಟಲಿ. ಒಂದನ್ನು ಉಗ್ರಾಣದ ಮೂಲೆಯಲ್ಲಿಟ್ಟೆ. ಇನ್ನೊಂದನ್ನು ಎಲೆಕ್ಟ್ರಾನಿಕ್ ಶ್ರುತಿಪೆಟ್ಟಿಗೆಯ ಮೇಲೆ ಕೂರಿಸಿ, ಬೆಳಗಿನಿಂದ ಸಂಜೆಯವರೆಗೆ ಷಡ್ಜ ಕೇಳಿಸಿದೆ. ಹತ್ತು ದಿನಗಳ ಮೇಲೆ ನೋಡಿದರೆ ಉಗ್ರಾಣದ ಬಾಟಲಿಯಲ್ಲಿ ಹೆಬ್ಬೆರಳ ಉಗುರಿನಷ್ಟು ಅಗಲದ, ಎಂಟು ಮುಖದ, ಗಾಜಿನಂಥ ಹರಳು. ಸಂಗೀತ ಕೇಳಿದ ಬಾಟಲಿಯ ತಳದಲ್ಲಿ ರವೆ! ದಾರಕ್ಕೆ ಅಂಟಿಕೊಂಡದ್ದೂ ಗಂಟುಗಂಟಾದ ಮುದ್ದೆ. ಇದನ್ನು ಶಾಸ್ತ್ರೀಯ ಪ್ರಯೋಗವೆಂದು ಯಾರೂ ತಿಳಿಯಬಾರದು, ಶ್ರುತಿಪೆಟ್ಟಿಗೆ ಇದ್ದದ್ದು ಒಲೆಗೆ ಹತ್ತಿರ. ಆದರೂ ಮುಖ ಬಾಡಿತು.

ಬಾಟಲಿಗಳನ್ನು ನೋಡಿದ ಅತ್ತೆ ಕೇಳಿದರು: "ಹಾಲಿಗೆ ಹೆಪ್ಪು ಹಾಕಿದ ಮೇಲೆ ಪಾತ್ರೆಯನ್ನು ಯಾರಾದರೂ ಅಲುಗಿಸುತ್ತಾರೇನಮ್ಮ?"

ನನ್ನ ಕಥೆ ತಿರುಗಿದ್ದು ಆ ಮಾತಿನಿಂದ. ಸದ್ದು ಹರಳನ್ನು ಬೆಳೆಸುವುದಿಲ್ಲ, ಹುಟ್ಟಿಸುತ್ತದೆ. ಔಷಧ ತಯಾರಿಕೆಯಲ್ಲಿ 20,000 ಹರ್ಟ್ಸ್‌ಗೂ (ಅಂದರೆ ಸೆಕೆಂಡಿಗೆ ಅಷ್ಟು ಕಂಪನ) ಮೇಲಿನ, ಕಿವಿಗೆ ಕೇಳದ ಧ್ವನಿಯನ್ನು ದ್ರಾವಣದೊಳಗೆ ಹಾಯಿಸುವುದು ಇದಕ್ಕಾಗಿಯೇ. ಸಣ್ಣ ಗುಳ್ಳೆಗಳು ಎದ್ದು ಒಡೆಯುತ್ತವೆ, ನೂರಾರು ಕಡೆ ಏಕಕಾಲಕ್ಕೆ ಹರಳು ಮೊಳೆಯುತ್ತದೆ, ಎಲ್ಲವೂ ಪುಟ್ಟಪುಟ್ಟವು. ದೊಡ್ಡದು ಬೇಕೆಂದರೆ ನೀರು ಕದಲಬಾರದು. ಮೆಕ್ಸಿಕೋದ ನೈಕಾ ಗಣಿಯಲ್ಲಿ 2000ರಲ್ಲಿ ಸಿಕ್ಕ ಗುಹೆಯ ಜಿಪ್ಸಮ್ ಹರಳುಗಳು ಹನ್ನೊಂದು ಮೀಟರಿನಷ್ಟು ಉದ್ದ. 58 ಡಿಗ್ರಿಯ ಆಸುಪಾಸಿನ ಬಿಸಿನೀರಿನಲ್ಲಿ ಲಕ್ಷಾಂತರ ವರ್ಷ ಸದ್ದಿಲ್ಲದೆ ಬೆಳೆದವು. ನನ್ನ ಗುಹೆಯ ಗಾಯಕರನ್ನು ಅಂದೇ ಮನೆಗೆ ಕಳುಹಿಸಿದೆ.

ಹೊಸ ಊರಿನಲ್ಲಿ ಹರಳು ಬೆಳೆಸುವವರಿಗೆ ಪಳಿಕಿಗರು ಎಂದು ಹೆಸರಿಟ್ಟೆ. ಸ್ಫಟಿಕಕ್ಕೆ ಹಳಗನ್ನಡದಲ್ಲಿ ಪಳಿಕು ಎನ್ನುತ್ತಿದ್ದರು, ಬಳಸದೆ ಬಿಡಲು ಮನಸ್ಸಾಗಲಿಲ್ಲ. ಅವರು ಹಾಡುವ ಸ್ವರ ಯಾವುದು? ಗಡಿಯಾರದೊಳಗಿನ ಕ್ವಾರ್ಟ್ಜ್ ಹರಳು ಸೆಕೆಂಡಿಗೆ 32,768 ಸಲ ಕಂಪಿಸುತ್ತದೆ. ಅದನ್ನು ಅರ್ಧರ್ಧ ಮಾಡುತ್ತ ಏಳು ಸ್ಥಾಯಿ ಕೆಳಗಿಳಿಸಿದರೆ 256. ಮನುಷ್ಯರು ಹಾಯಾಗಿ ಹಾಡಬಲ್ಲ ಸ್ವರ! ಲೆಕ್ಕ ಕೂಡಿಬಂದಾಗ ನಾನು ಎದ್ದು ಕಾಫಿ ಮಾಡಿಕೊಂಡೆ.

ಇನ್ನು ಪಾತ್ರೆ. ನೀರಿನಲ್ಲಿ ಧ್ವನಿ ಸೆಕೆಂಡಿಗೆ ಸುಮಾರು 1,480 ಮೀಟರ್ ಓಡುತ್ತದೆ. ಹಾಗಾಗಿ 256 ಹರ್ಟ್ಸ್ ಸ್ವರದ ಒಂದು ಅಲೆ ನೀರಿನಲ್ಲಿ 5.8 ಮೀಟರ್. ಬಾಟಲಿಯಲ್ಲಲ್ಲ, ಹಂಡೆಯಲ್ಲೂ ಅದು ಹಿಡಿಸದು. ಅಷ್ಟು ದೊಡ್ಡ, ಕಲ್ಲಿನ ಗೋಡೆಗಳ ಪಾತ್ರೆ ನಮ್ಮ ಕಡೆ ಯಾವುದಿದೆ? ಕಲ್ಯಾಣಿ. ಗೋಡೆಯಿಂದ ಗೋಡೆಗೆ ಅಲೆ ಬಡಿದು ಮರಳಿದಾಗ ಸುಮಾರು 2.9 ಮೀಟರಿಗೊಂದರಂತೆ ನೀರು ಅಲುಗದ ಜಾಗ ಉಳಿಯುತ್ತದೆ. ಜರ್ಮನಿಯ ಭೌತವಿಜ್ಞಾನಿ ಕ್ಲಾಡ್ನಿ 1787ರಲ್ಲಿ ಪ್ರಕಟಿಸಿದ ಚಿತ್ರಗಳಲ್ಲೂ ಇದೇ ತತ್ತ್ವ. ಕಂಪಿಸುವ ತಟ್ಟೆಯ ಮೇಲಿನ ಮರಳು ಹೋಗಿ ಕೂರುವುದು ತಟ್ಟೆ ಅಲುಗದ ಗೆರೆಗಳ ಮೇಲೆ. ರಂಗೋಲಿ ಪುಡಿಯಲ್ಲಿ ನಾನೂ ಮಾಡಿ ನೋಡಿದೆ. ಸ್ಪೀಕರಿನೊಳಗೆ ಹೋದ ಪುಡಿ ಇನ್ನೂ ಪೂರ್ತಿ ಹೊರಬಂದಿಲ್ಲ.

ಆದ್ದರಿಂದ ನನ್ನ ಪಳಿಕಿಗರು ಕಲ್ಯಾಣಿಯ ಖನಿಜದ ನೀರು ಆರುತ್ತಿರುವ ಒಂದು ಸಂಜೆ ಮಾತ್ರ ಹಾಡುತ್ತಾರೆ. ಅದು ಹೆಪ್ಪಿನ ಸ್ವರ. ಶ್ರುತಿ ಕೂದಲೆಳೆಯಷ್ಟು ಜಾರಿದರೂ ಹರಳು ಎಲ್ಲೆಂದರಲ್ಲಿ ಮೊಳೆತು ಇಡೀ ಕಲ್ಯಾಣಿ ರವೆಯಾಗುತ್ತದೆ. ಸ್ವರ ನೆಲೆಗೆ ನಿಂತರೆ, ಅಲ್ಲಿಂದ ಒಂದು ಮಂಡಲ, 48 ದಿನ, ಊರಿಗೆ ಊರೇ ಮೌನ. ಒನಕೆ ಎತ್ತುವಂತಿಲ್ಲ, ಗಾಣ ತಿರುಗುವಂತಿಲ್ಲ, ಮದುವೆಗೆ ವಾಲಗವಿಲ್ಲ, ಸತ್ತವರಿಗೆ ತಮಟೆಯಿಲ್ಲ. ಈ ಕೊನೆಯದನ್ನು ಬರೆದ ದಿನ ಕಥೆಗೆ ಜೀವ ಬಂತು. ಮಂಡಲದ ಮೂವತ್ತೊಂದನೆಯ ದಿನ ಹಿರಿಯ ಪಳಿಕಿಗನ ಹೆಂಡತಿ ತೀರಿಕೊಳ್ಳುತ್ತಾಳೆ, ಅಳು ತಡೆಯುವವರಾರು?

ಈಗ ಉಳಿದಿರುವ ತೊಡಕು ಕಪ್ಪೆಗಳದು. ಖನಿಜದ ನೀರಿನಲ್ಲಿ ಅವು ಬದುಕಲಾರವು ಎಂದು ಜಾರಿಕೊಳ್ಳಬಹುದಿತ್ತು. ಆದರೆ ಕಲ್ಯಾಣಿಗೆ ಹೊಂದಿಕೊಂಡೇ ಗದ್ದೆಯಿದೆ ಎಂದು ಮೊದಲ ಪುಟದಲ್ಲೇ ಬರೆದುಬಿಟ್ಟಿದ್ದೇನೆ, ಮಂಡಲ ಮುಗಿಯಲು ಒಂಬತ್ತು ದಿನವಿರುವಾಗ ಮುಂಗಾರು ಬೇರೆ ಬರುತ್ತದೆ.